ಕಿವಿಗೆ ಹಿಡಿಯದೆ ಕೊಂಡ ಗೂಡು

ನನ್ನ ಹೊಟ್ಟೆಕಿಚ್ಚಿಗೆ ನಾನು ತೆತ್ತ ಬೆಲೆ ನಲವತ್ತು ಕೆಜಿ ರೇಷ್ಮೆಗೂಡು. ಏಕೆಂದರೆ ಅಂದು ರಾಮನಗರದ ಮಾರ್ಕೆಟ್ಟಿನಲ್ಲಿ ನನ್ನ ಕಣ್ಣು ಗೂಡಿನ ಮೇಲಿರಲಿಲ್ಲ, ನನ್ನನ್ನು ಬಿಟ್ಟುಹೋದ ಗಂಡನ ಮೇಲಿತ್ತು.

ಅವನು ಸಾತನೂರಿನ ಕಡೆಯವಳನ್ನು ಕಟ್ಟಿಕೊಂಡು ಎರಡು ವರ್ಷವಾಗಿತ್ತು. ಒಂದು ಬಾಣಲೆಯಲ್ಲಿ ಗೂಡು ಬೇಯಿಸಿ ನೂಲು ಬಿಚ್ಚಲು ಶುರುಮಾಡಿ ನಾಲ್ಕಕ್ಕೆ ಏರಿಸಿದವಳು ನಾನು. ಅವನನ್ನು ಎಂದೋ ಮರೆತೆ ಎಂದು ಎಲ್ಲರೆದುರು ಹೇಳಿಕೊಳ್ಳುತ್ತಿದ್ದೆ. ಅಂದು ಇಬ್ಬರೂ ತಾವು ಬೆಳೆದ ಗೂಡು ತಂದಿದ್ದರು. ಟ್ರೇಯಲ್ಲಿ ಕಲೆಯಾದ ಗೂಡು ಒಂದೂ ಇಲ್ಲ. ನನ್ನ ಜೊತೆಗಿದ್ದಾಗ ಗೂಡು ಆರಿಸು ಅಂದರೆ ಸೊಂಟನೋವು ಅನ್ನುತ್ತಿದ್ದವನು, ಈಗ ಅವಳ ಪಕ್ಕ ಕುಕ್ಕರುಗಾಲಲ್ಲಿ ಕೂತು ಒಂದೊಂದನ್ನೂ ಮತ್ತೆ ಹೆಕ್ಕಿ ನೋಡುತ್ತಿದ್ದ. ಅವನ ಕೂದಲಿಗೆ ಅಂಟಿದ್ದ ರೇಷ್ಮೆ ಎಳೆಯನ್ನು ಅವಳು ಮೆಲ್ಲಗೆ ತೆಗೆದಳು. ಅಷ್ಟೇ. ನನ್ನ ಮೈಯೆಲ್ಲ ಉರಿಯಿತು.

ಗೂಡು ಕೊಳ್ಳುವ ನಾವು ಒಂದು ಹಿಡಿ ಎತ್ತಿ ಕಿವಿಯ ಹತ್ತಿರ ಅಲ್ಲಾಡಿಸುತ್ತೇವೆ. ಟಕಟಕ ಅಂದರೆ ಒಳಗೆ ಹುಳು ಗಟ್ಟಿ. ಸದ್ದಿಲ್ಲದಿದ್ದರೆ ಸತ್ತು ಕರಗಿದೆ. ಅಂದು ನಾನು ಅವರ ಟ್ರೇ ದಾಟಿ, ತಲೆಯೆತ್ತಿ ನಡೆದು, ಮುಂದಿನ ಟ್ರೇಗೆ ಮೊಬೈಲಿನಲ್ಲಿ ಹರಾಜಿನ ಬೆಲೆ ಒತ್ತಿಬಿಟ್ಟೆ. ಕಿವಿಗೆ ಹಿಡಿಯಲಿಲ್ಲ.

ಮಾರನೆಯ ದಿನ ಬಾಣಲೆಯ ಮುಂದೆ ಕೂತ ಕೂಲಿ ಹೆಂಗಸು ರಾಗ ಎಳೆದಳು. "ಏನಕ್ಕ ಇದು, ಗೂಡಾ, ಕೊಳ್ತ ಬದ್ನೆಕಾಯಾ? ಎಳೆ ಒಸಿನೂ ನಿಲ್ತಿಲ್ಲ."

"ನೀರು ಕಾದಿಲ್ಲ ಕಣೆ."

"ನೀರು ಸರ್ಯಾಗೇ ಐತೆ. ನಿಮ್ಮ ಯಜಮಾನ್ರು ಬಂದಿದ್ರಾ ಮಾರ್ಕೆಟ್ಗೆ?"

ನಾನು ಸೌದೆ ತರಲು ಕೊಟ್ಟಿಗೆಯ ಕಡೆ ಹೋದೆ.

ಮುಂದಿನ ಬೆಳೆಗೆ ಅವರು ಮತ್ತೆ ಬಂದರು. ಈ ಸಲ ನೆಟ್ಟಗೆ ಹೋಗಿ ಅವರ ಟ್ರೇಗೇ ಕೈ ಹಾಕಿದೆ. ಟಕಟಕ. ಅವನು ತನ್ನ ಚಪ್ಪಲಿ ನೋಡುತ್ತ ನಿಂತ. ಹರಾಜಿನಲ್ಲಿ ನನ್ನ ಬೆಲೆಯೇ ಮೇಲಾಯಿತು. ಒಪ್ಪುವುದು, ಬಿಡುವುದು ಬೆಳೆದವರ ಇಷ್ಟ.

"ಒಸಿ ಏರ್ಸಿ ಅಕ್ಕ, ಕೂಸಿನಂಗೆ ಸಾಕಿವ್ನಿ," ಅಂದಳು ಅವಳು.

"ಗೂಡಿಗೆ ಎಷ್ಟೋ ಅಷ್ಟೇ ಕಣಮ್ಮ. ಆರ್ಸಿದೋನ್ಗೆ ಬೇರೆ ಕೊಡಕ್ಕಾಯ್ತದಾ?"

ಅವಳು ನಕ್ಕು ಒಪ್ಪಿದಳು. ಬಾಣಲೆಗೆ ಹಾಕಿದಾಗ ಆ ಗೂಡಿನ ನೂಲು ತುಂಡಾಗದೆ ಬಂತು.

ಕಿಚ್ಚು ಆರಿತೇ? ಇಲ್ಲ. ಅವನ ಕೂದಲಿನ ಆ ಎಳೆ ಈಗಲೂ ಕಣ್ಣಿಗೆ ಚುಚ್ಚುತ್ತದೆ. ಬಿಟ್ಟುಹೋದವರು ಎದುರಾಗುವ ಜಾಗಕ್ಕೆ ನೀವೂ ಹೋಗಲೇಬೇಕಾದರೆ, ಅವರನ್ನು ನೋಡಬೇಡಿ ಎಂದು ನಾನು ಹೇಳುವುದಿಲ್ಲ, ನೋಡಿಯೇ ನೋಡುತ್ತೀರಿ. ಮೊದಲು ಗೂಡನ್ನು ಕಿವಿಗೆ ಹಿಡಿಯಿರಿ, ಬೆಲೆ ಒತ್ತಿ, ಆಮೇಲೆ ನೋಡಿ.