ಸೊನ್ನೆ ನಂಬರ್ ಪಾನಾ

ನನ್ನ ಅಬ್ಬಾ ದಾಂಡೇಲಿಯಲ್ಲಿ ಲಾರಿ ರಿಪೇರಿ ಮಾಡುತ್ತಿದ್ದರು. ಮನೆಯಲ್ಲಿ ನಮ್ಮದು ಉರ್ದು, ಗ್ಯಾರೇಜಿನಲ್ಲಿ ಅವರದು ಅಪ್ಪಟ ಕನ್ನಡ. ಬೈಗುಳ ಎರಡರಲ್ಲೂ ಬರುತ್ತಿದ್ದವು. ಬೇಸಿಗೆ ರಜೆಯಲ್ಲಿ ನನ್ನ ಠಿಕಾಣಿ ಗ್ಯಾರೇಜಿನಲ್ಲೇ. ಲಾರಿಯ ಅಡಿಗೆ ಅಂಗಾತ ಮಲಗಿದ ಅಬ್ಬಾ ಅಂಗೈ ಹೊರಗೆ ಚಾಚಿ "ಹನ್ನೆರಡು-ಹದಿಮೂರು" ಎಂದರೆ, ನಟ್ಟು ತಿರುಗಿಸುವ ಆ ನಂಬರಿನ ಪಾನಾ ಹುಡುಕಿ ಆ ಅಂಗೈ ಮೇಲಿಡುವುದು ನನ್ನ ಕೆಲಸ. ಎಂಟು ವರ್ಷಕ್ಕೇ ನನಗೆ ನಂಬರುಗಳೆಲ್ಲ ಬಾಯಿಪಾಠ. ಅದರ ಜಂಬವೂ ಕಡಿಮೆ ಇರಲಿಲ್ಲ.

ಆ ಜಂಬ ಇಳಿಸಲೆಂದೇ ಇರಬೇಕು, ಪಕ್ಕದ ವೆಲ್ಡಿಂಗ್ ಚಾಚಾ ಒಂದು ದಿನ ನನ್ನನ್ನು ಕರೆದು, "ಸೊನ್ನೆ ನಂಬರ್ ಪಾನಾ ಬೇಕಾಗೇತಿ, ಟೈರ್ ಅಂಗಡಿಯಾಗ ಇಸ್ಕೊಂಡು ಬಾ" ಎಂದರು. ಟೈರ್ ಅಂಗಡಿಯವರು ರೇಡಿಯೇಟರ್ ಅಂಗಡಿಗೆ ಕಳಿಸಿದರು. ಅಲ್ಲಿ, "ಈಗಷ್ಟ ಬ್ಯಾಟರಿಯಾಂವ ಒಯ್ದ ನೋಡು" ಎಂದರು. ಉರಿಬಿಸಿಲಲ್ಲಿ ಇಡೀ ಸಾಲನ್ನು ಎರಡು ಸಲ ಸುತ್ತಿದ ಮೇಲೆ ಎಲ್ಲರೂ ಬಾಗಿಲಿಗೆ ಬಂದು ನಗುತ್ತಿರುವುದು ಕಂಡಿತು. ಅಂಥ ಪಾನಾ ಇರುವುದೇ ಇಲ್ಲ. ಕೆಲಸಕ್ಕೆ ಹೊಸದಾಗಿ ಸೇರಿದವರನ್ನು ಹೀಗೆ ಓಡಾಡಿಸುವುದು ಮೆಕ್ಯಾನಿಕ್‌ಗಳ ಹಳೆಯ ಚೇಷ್ಟೆ. ನಾನು ಅಳುತ್ತಾ, ಕೈಗೆ ಸಿಕ್ಕ ನಟ್ಟೊಂದನ್ನು ಚಾಚಾನ ಮೇಲೆ ಎಸೆದು ಬಂದೆ. ಸಿಟ್ಟು ನನಗೆ ಆಗಲೇ ಮೂಗಿನ ತುದಿಯಲ್ಲಿತ್ತು.

ಅಬ್ಬಾ ಲಾರಿಯಡಿಯಿಂದ ಹೊರಬಂದರು. ಅವರೂ ನಕ್ಕಿದ್ದರೆ ನಾನು ಮತ್ತೆ ಗ್ಯಾರೇಜಿಗೆ ಕಾಲಿಡುತ್ತಿರಲಿಲ್ಲ. ಅವರು ಗಂಭೀರವಾಗಿ ಕೈ ಒರೆಸಿಕೊಂಡು, "ಅವರಿಗೆ ಗೊತ್ತಿಲ್ಲ ಬೇಟಿ, ಅದಕ್ಕ ನಗತಾರ. ಪಾನಾ ಐತಿ. ಆದ್ರ ಇಲ್ಲಿಲ್ಲ, ಕುಂಬಾರವಾಡದ ಕಡೆ ಐತಿ" ಎಂದರು.

ಕತೆ ಶುರುವಾದದ್ದು ಹಾಗೆ. ಜೋಯಿಡಾದ ಆಚೆ, ಕುಂಬಾರವಾಡದ ಹತ್ತಿರ, ಕಟ್ಟಿಗೆ ತುಂಬಿದ ಲಾರಿಯೊಂದು ಕೊಳ್ಳಕ್ಕೆ ಉರುಳಿತ್ತಂತೆ. ಅಬ್ಬಾನಿಗೆ ಕೆಲಸ ಕಲಿಸಿದ ಉಸ್ತಾದರು ಅಲ್ಲಿದ್ದರು. ಬಸ್ಸಿಗೆ ಕಾಯುತ್ತಿದ್ದ ಒಬ್ಬ ಮುದುಕಿ ತಲೆಯ ಮೇಲಿನ ಬುಟ್ಟಿ ಇಳಿಸಿ, ಮುರುಗಲ ಹಣ್ಣಿನ ಅಡಿಯಿಂದ ನಂಬರಿಲ್ಲದ ಪಾನಾ ತೆಗೆದುಕೊಟ್ಟಳು. ಉಸ್ತಾದರು ಅದನ್ನು ರಸ್ತೆಯಂಚಿನಲ್ಲಿ ಬಿದ್ದಿದ್ದ ನಟ್ಟೊಂದಕ್ಕೆ ಹಾಕಿ ಅರ್ಧ ಸುತ್ತು ತಿರುಗಿಸಿದರು. ತಲೆ ಎತ್ತಿದರೆ ಲಾರಿ ರಸ್ತೆಯ ಮೇಲೆ ನಿಂತಿದೆ, ಡ್ರೈವರ್ ಬೀಡಿ ಹಚ್ಚುತ್ತಿದ್ದಾನೆ. ಅದು ಉರುಳಿದ್ದು ಯಾರಿಗೂ ನೆನಪಿಲ್ಲ.

"ಉಸ್ತಾದರಿಗೂ?" ಎಂದೆ ನಾನು.

"ತಿರುಗಿಸಿದವರಿಗೆ ಮಾತ್ರ ಹಳೇದು ನೆನಪಿರ್ತೈತಿ. ಅದಕ್ಕ ಆ ಪಾನಾ ಭಾಳ ಭಾರ."

ಅಂದಿನಿಂದ ಆ ಪಾನಾ ನಮ್ಮ ಮನೆಯ ಮಾತಿನಲ್ಲಿ ಸೇರಿಕೊಂಡಿತು. ಗಣಿತದಲ್ಲಿ ನಪಾಸಾದಾಗ ಅರ್ಧ ಸುತ್ತು ತಿರುಗಿಸಲು ಕೇಳಿದೆ. "ಇದು ಸಣ್ಣ ಕೆಲಸ, ಹತ್ತು ನಂಬರ್ ಸಾಕು. ಕುಂತು ಓದು" ಎಂದರು. ಅಮ್ಮಿ ವರ್ಷಕ್ಕೆ ಎರಡು ಸಲವಾದರೂ ಅಬ್ಬಾನ ಜೊತೆ ಜಗಳವಾಡಿ ಹಳಿಯಾಳದ ತವರಿಗೆ ಹೋಗಿಬಿಡುತ್ತಿದ್ದಳು. ಎರಡು ದಿನ ನಮಗೆ ಸುಟ್ಟ ರೊಟ್ಟಿಯೇ ಗತಿ. ಮೂರನೇ ದಿನ ಅಬ್ಬಾ ಇಸ್ತ್ರಿ ಅಂಗಿ ಹಾಕಿಕೊಂಡು ಹೋಗಿ, ನಾಲ್ಕು ಗಂಟೆಯ ಬಸ್ಸಿಗೆ ಅವಳನ್ನು ಕರೆತರುತ್ತಿದ್ದರು. ಯಾಕೆ ಜಗಳವಾಗಿತ್ತೆಂದು ಕೇಳಿದರೆ, "ಯಾವ ಜಗಳ?" ಎಂದು ನನಗೆ ಕಣ್ಣು ಹೊಡೆದು, ಗಾಳಿಯಲ್ಲಿ ಅರ್ಧ ಸುತ್ತು ತಿರುಗಿಸಿ ತೋರಿಸುತ್ತಿದ್ದರು.

ಅಮ್ಮಿ ತೀರಿಕೊಂಡು ಮೂರು ವರ್ಷವಾಯಿತು. ಆಮೇಲೆ ಅಬ್ಬಾನ ನೆನಪು ಒಂದೊಂದಾಗಿ ಕಳಚತೊಡಗಿತು. ನಾನು ಅವರನ್ನು ಮುಂಡಗೋಡಿನ ನನ್ನ ಮನೆಗೆ ಕರೆತಂದೆ. ಈಗ ಅವರ ಬಾಯಲ್ಲಿ ಉರ್ದು ಕಡಿಮೆಯಾಗಿ, ಮನೆಯಲ್ಲೂ ಗ್ಯಾರೇಜಿನ ಕನ್ನಡವೇ. ಟಿಬೆಟನ್ ಕಾಲೊನಿಗೆ ಹೋಗುವ ಟೆಂಪೋಗಳ ಸದ್ದು ಕೇಳಿಯೇ ಯಾವುದರ ಗೇರ್ ಕೆಟ್ಟಿದೆ ಎಂದು ಹೇಳಿಬಿಡುತ್ತಾರೆ. ಅಮ್ಮಿ ಇಲ್ಲವೆಂಬುದು ಮಾತ್ರ ನೆನಪಿಲ್ಲ. ನಾಲ್ಕು ಗಂಟೆಯಾದರೆ ತಲೆ ಬಾಚಿಕೊಂಡು ಜಗಲಿಯಲ್ಲಿ ಕೂತು, "ಹಳಿಯಾಳದ ಬಸ್ ಬಂತೇನು? ನಿಮ್ಮ ಅಮ್ಮಿ ಇನ್ನೂ ಬರಲಿಲ್ಲ" ಎನ್ನುತ್ತಾರೆ.

ಮೊದಮೊದಲು ನಿಜ ಹೇಳುತ್ತಿದ್ದೆ. ಸುಳ್ಳು ನನಗೆ ಆಗಿಬರುವುದಿಲ್ಲ. ಆದರೆ ಅಬ್ಬಾ ಪ್ರತಿ ಸಲವೂ ಅದನ್ನು ಮೊದಲ ಸಲ ಕೇಳುತ್ತಿದ್ದರು. ಹಣೆ ಬಡಿದುಕೊಂಡು, "ನನಗ ಯಾರೂ ಯಾಕ ಹೇಳಲಿಲ್ಲ? ಮಣ್ಣಿಗೂ ಕರ್ಕೊಂಡು ಹೋಗಲಿಲ್ಲಲ್ಲ" ಎಂದು ಅಳುತ್ತಿದ್ದರು. ಒಂದು ದಿನ ಎರಡು ಸಲ ಹೀಗಾಯಿತು. ಎರಡನೇ ಸಲ ನಾನು ರೇಗಿಬಿಟ್ಟೆ. ಅವರು ಬೈಸಿಕೊಂಡ ಮಗುವಿನ ಹಾಗೆ ಗೋಡೆಗೆ ಸರಿದು ಕೂತರು. ಆ ದಿನದ ನಾಚಿಕೆ ನನಗೆ ಇನ್ನೂ ಹೋಗಿಲ್ಲ.

ಮರುದಿನ ಕೇಳಿದಾಗ, "ನಾಳೆ ಬರ್ತಾಳ, ಅಬ್ಬಾ" ಎಂದೆ. ಅವರು ಹೂಂಗುಟ್ಟಿ, ಚಹಾದಲ್ಲಿ ಬಿಸ್ಕಿಟ್ ಅದ್ದಿ ತಿಂದರು.

ಅರ್ಧ ಸುತ್ತು ಅಷ್ಟು ಸಲೀಸಾಗಿ ತಿರುಗಿತು. ಸುಳ್ಳು ದಿನದಿಂದ ದಿನಕ್ಕೆ ಬೆಳೆಯಿತು. ಅಮ್ಮಿ ತನ್ನ ತಂಗಿಯ ಮಗಳ ಮದುವೆಗೆಂದು ಉಳಿದುಕೊಂಡಿದ್ದಾಳೆ. ಬಿರಿಯಾನಿಗೆ ಉಪ್ಪು ಹೆಚ್ಚಾಯಿತೆಂದು ಅಡುಗೆಯವನ ಜೊತೆ ಜಗಳ ತೆಗೆದಿದ್ದಾಳೆ. "ಆಕಿ ಹಂಗ" ಎಂದು ಅಬ್ಬಾ ನಗುತ್ತಿದ್ದರು. ಹೇಳುತ್ತಾ ಹೇಳುತ್ತಾ ನನಗೂ ಅವಳ ದನಿ ಕೇಳಿಸುತ್ತಿತ್ತು. ಆಮೇಲೆ ಅಡುಗೆಮನೆಗೆ ಬಂದು ನಲ್ಲಿ ಬಿಟ್ಟುಕೊಂಡು ಅಳುತ್ತಿದ್ದೆ. ಅಮ್ಮಿಯನ್ನು ನನ್ನಷ್ಟೇ ಪ್ರೀತಿಸಿದವರು ಎದುರಿಗೇ ಇದ್ದಾರೆ, ಆದರೆ ಅವರ ಜೊತೆ ಕೂತು ಅಳುವ ಹಾಗಿಲ್ಲ. ಉಸ್ತಾದರ ಪಾಡು ನನಗೆ ಆಗ ಅರ್ಥವಾಯಿತು.

ಕಳೆದ ಚಳಿಗಾಲದ ಒಂದು ಬೆಳಿಗ್ಗೆ ಅಬ್ಬಾನನ್ನು ಅತ್ತಿವೇರಿ ಪಕ್ಷಿಧಾಮಕ್ಕೆ ಕರೆದೊಯ್ದೆ. ಜಲಾಶಯದ ದಂಡೆಯಲ್ಲಿ ಕೂತು ಅವರು ಬಹಳ ಹೊತ್ತು ಹಕ್ಕಿಗಳನ್ನು ನೋಡಿದರು. ಆಮೇಲೆ ತಿರುಗಿ ನನ್ನ ಮುಖವನ್ನೇ ನೋಡತೊಡಗಿದರು.

"ಸೊನ್ನೆ ನಂಬರ್ ನಿನ್ನ ಹತ್ರ ಐತಿ, ಹೌದಲ್ಲ ಬೇಟಿ?"

ನಾನು ಅವರ ಕಡೆಗೆ ತಿರುಗಿ ಕೂತೆ.

"ಭಾಳ ದಿನ ಹಿಡ್ಕೊಂಡಿ, ಕೈ ಸೋತಿರಬೇಕು. ಕೊಡಿಲ್ಲೆ. ಸ್ವಲ್ಪ ಹೊತ್ತು ನಾ ಹಿಡ್ಕೋತೇನಿ."

ಅವರು ಅಂಗೈ ಚಾಚಿದರು, ಹಿಂದೆ ಲಾರಿಯಡಿಯಿಂದ ಚಾಚುತ್ತಿದ್ದ ಹಾಗೆಯೇ. ಅದರ ಮೇಲೆ ನನ್ನ ಕೈಯಿಟ್ಟೆ.

"ಅಮ್ಮಿ ಇಲ್ಲ, ಅಬ್ಬಾ. ತೀರ್ಕೊಂಡು ಎರಡು ವರ್ಷ ಆತು."

ಅವರ ಬೆರಳುಗಳು ಬಿಗಿಯಾದವು. ಹಣೆ ಬಡಿದುಕೊಳ್ಳಲಿಲ್ಲ. "ನಾ ಮಣ್ಣಿಗೆ ಹೋಗಿದ್ನೇನು?" ಎಂದು ಕೇಳಿದರು.

ಇಷ್ಟು ದಿನ ನಾನು ಸಾವನ್ನಷ್ಟೇ ಹೇಳಿದ್ದೆ. ಇದನ್ನು ಒಂದು ಸಲವೂ ಹೇಳಿರಲಿಲ್ಲ.

"ಹೋಗಿದ್ರಿ. ಮೂರು ಹಿಡಿ ಮಣ್ಣು ಹಾಕಿ ಬಂದ್ರಿ. ಮನಿಗೆ ಬಂದು ಕೈ ತೊಳ್ಕೊಳ್ಳಾಗ ನಾನ ನೀರು ಹಾಕಿದ್ದೆ."

"ಹಂಗಾದ್ರ ಆತು" ಎಂದರು ಅಬ್ಬಾ.

ಅಮ್ಮಿಗಾಗಿ ನಾವಿಬ್ಬರೂ ಅಂದು ಒಟ್ಟಿಗೆ ಅತ್ತೆವು. ವಾಪಸು ಬರುವಾಗ ಆಟೋದಲ್ಲಿ ಅವರು ನನ್ನ ಭುಜಕ್ಕೆ ಒರಗಿ ನಿದ್ದೆ ಹೋದರು, ಕೈ ಮಾತ್ರ ಬಿಡಲಿಲ್ಲ.

ಮರುದಿನ ನಾಲ್ಕು ಗಂಟೆಗೆ ಮತ್ತೆ ತಲೆ ಬಾಚಿಕೊಂಡು ಜಗಲಿಗೆ ಬಂದರು. ಹಳಿಯಾಳದ ಬಸ್ಸನ್ನು ಕೇಳಿದರು. ಮಣ್ಣಿನ ಮಾತು ನನ್ನ ನಾಲಿಗೆಯವರೆಗೆ ಬಂದಿತ್ತು, ಆದರೆ ಅವರ ಮುಖದಲ್ಲಿ ಬಸ್ಸು ಬರುವ ಖುಷಿ ಇತ್ತು. "ನಾಳೆ ಬರ್ತಾಳ, ಅಬ್ಬಾ" ಎಂದೆ. ಆ ದಿನ ಅಡುಗೆಮನೆಗೆ ಹೋಗಿ ನಲ್ಲಿ ಬಿಟ್ಟುಕೊಳ್ಳಲಿಲ್ಲ. ಒಂದು ಬೆಳಗಿನ ಮಟ್ಟಿಗೆ ಆ ಪಾನಾವನ್ನು ಅಬ್ಬಾ ಹಿಡಿದುಕೊಂಡಿದ್ದರು.