ಚಿಕ್ಕಪ್ಪನ ಉಗುರು

ಚಿಕ್ಕಪ್ಪನ ಬಲಗೈ ಉಗುರುಗಳು ಉದ್ದವಾಗಿ, ಅಂಚಿನಲ್ಲಿ ದುಂಡಗೆ, ಎಣ್ಣೆಯಿಂದ ಹೊಳೆಯುತ್ತಿದ್ದವು. ದಿನಾ ಬೆಳಿಗ್ಗೆ ಹಿತ್ತಲ ಕಲ್ಲಿನ ಮೇಲೆ ಕುಳಿತು ಅವಕ್ಕೆ ಕೊಬ್ಬರಿ ಎಣ್ಣೆ ತಿಕ್ಕುವರು. ಎಡಗೈಯದ್ದನ್ನು ಮಾತ್ರ ಬುಡದವರೆಗೆ ಕತ್ತರಿಸುವರು. ಅನ್ನ ಕಲಸಲು ಬಾರದೆ ಚಮಚದಲ್ಲಿ ಉಣ್ಣುತ್ತಿದ್ದರು.

ದಂಡಿನ ಕಡೆಯ, ಕಂಟೋನ್ಮೆಂಟಿನ ಹೋಟೆಲುಗಳಲ್ಲಿ ಇಂಗ್ಲಿಷ್ ಹಾಡು ಹೇಳುವ ಒಬ್ಬನ ಹಿಂದೆ ಅವರು ಆ ಉಗುರುಗಳಿಂದಲೇ ತಂತಿ ಮೀಟಿ ಗಿಟಾರು ನುಡಿಸುತ್ತಿದ್ದರು. ಅವನ ಹಾಡುಗಳಿಗೆ ರಾಗ ಕಟ್ಟುತ್ತಿದ್ದವರೂ ಇವರೇ. ನಾನು ಕಾನ್ವೆಂಟಿನಿಂದ ಬಂದೊಡನೆ, "ಈ ಇಂಗ್ಲಿಷ್ ಪದ ಹೇಳೇ, ಎಲ್ಲಿ ಎಳೀತೀಯ ನೋಡ್ತೀನಿ" ಎಂದು ಕೂರಿಸಿಕೊಳ್ಳುವರು. ನನ್ನ ಬಾಯಿ ಎಳೆದ ಕಡೆ ಅವರ ರಾಗವೂ ಎಳೆಯುತ್ತಿತ್ತು.

ಅಂದು ರಾಜಾಜಿನಗರದ ನಮ್ಮ ಹೊಸ ಮನೆಯ ಮುಂದೆ ರಂಗೋಲಿ ಇರಲಿಲ್ಲ. ತಾತನ ತಿಥಿ. ಹಿಂದಿನ ದಿನ ಕ್ಷೌರದವನು ಕಾದು ಕಾದು ಹೋದ ಮೇಲೆಯೇ ಚಿಕ್ಕಪ್ಪ ಮನೆಗೆ ಬಂದಿದ್ದರು.

"ಆ ಉಗುರು ಇಟ್ಕೊಂಡು ನನ್ನ ಪಕ್ಕ ಕೂರ್ತೀಯೇನೋ? ತೆಗಿ ಮೊದ್ಲು!" ಅಪ್ಪ ಗುಡುಗಿದರು.

"ಸಾಯಂಕಾಲ ಹೊಸ ಹಾಡಿದೆ, ಅಣ್ಣ. ಉಗುರಿಲ್ದೆ ನನ್ನ ಹಾಡು ಏಳಲ್ಲ."

"ನಿನ್ನ ಹಾಡೇ? ಪೋಸ್ಟರಲ್ಲಿ ಮುಖ ಅವಂದು, ಹೆಸರು ಅವಂದು!"

"ಮುಖ ಅವಂದೇ ಇರ್ಲಿ. ಹಾಡು ನಂದು."

ಅಪ್ಪ ಕತ್ತರಿ ತಂದೇಬಿಟ್ಟರು. ಮಡಿಯಲ್ಲಿದ್ದ ಅಜ್ಜಿ ಅಡುಗೆಮನೆಯಿಂದಲೇ ಕೂಗಿದರು: "ತಿಥಿ ದಿನ ಮನೇಲಿ ಉಗುರು ತೆಗೀತಾರೇನೋ? ನಿಮ್ಮಪ್ಪ ಬರೋ ಹೊತ್ತು!" ಪುರೋಹಿತರೂ ದರ್ಭೆ ಬಿಡಿಸುತ್ತ, "ಇವತ್ತು ಕೂಡದು" ಎಂದರು.

ಅಪ್ಪ ಕತ್ತರಿಯನ್ನು ಕಿಟಕಿಯಲ್ಲಿ ಕುಕ್ಕಿದರು. "ಹಾಗಾದ್ರೆ ನೀನು ಕೂರಲೇ ಬೇಡ."

"ಕೂರ್ತೀನಿ. ಅವರು ನನಗೂ ಅಪ್ಪ. ಗಿಟಾರು ಕೊಡ್ಸಿದ್ದೇ ಅವರು."

ಕೂತರು. ಎಳ್ಳುನೀರು ಆ ಉಗುರುಗಳ ಮೇಲೇ ಹರಿದು ಇಳಿಯಿತು.

ಈಗ ಚಿಕ್ಕಪ್ಪ ಇಲ್ಲ. ಅವರ ಹೆಸರು ಯಾವ ಪೋಸ್ಟರಿನಲ್ಲೂ ಬರಲಿಲ್ಲ. ದನಿ ಏರಿಸದೆ ಹಟ ಹಿಡಿಯುವುದನ್ನು ನಾನು ಕಲಿತದ್ದು ಅವರಿಂದ. ಸಂಸಾರದಲ್ಲಿ ಅದು ಎಷ್ಟು ಸಲ ನನ್ನನ್ನು ಉಳಿಸಿದೆಯೋ!

ತಿಥಿಯ ದಿನ ಸಂಜೆ ಹಾಡುಗಾರನ ಕಾರು ಬಂತು. ಅಪ್ಪ ಪತ್ರಿಕೆಯಿಂದ ತಲೆ ಎತ್ತಲಿಲ್ಲ. ಚಿಕ್ಕಪ್ಪ ಗಿಟಾರು ಎತ್ತಿಕೊಂಡು, "ಹೋಗ್ಬರ್ತೀನಿ ಅಣ್ಣ" ಎಂದು ಹೊರಟರು. ನಾನು ಮೆಟ್ಟಿಲ ಮೇಲೆ ಕುಳಿತು, ಅಪ್ಪನಿಗೆ ಕೇಳಲೆಂದೇ, ಆ ಹೊಸ ಹಾಡನ್ನು ಗಟ್ಟಿಯಾಗಿ ಹಾಡತೊಡಗಿದೆ.

ಪಕ್ಕದ ಮನೆಯಾಕೆ ಹಪ್ಪಳ ಎತ್ತಿಡುತ್ತಿದ್ದರು. "ಏನೇ, ತಿಥಿ ಮನೇಲಿ ಹಾಡು? ಯಾರದ್ದೇ ಅದು?"

"ನಮ್ಮ ಚಿಕ್ಕಪ್ಪಂದು."

"ಅವರು ಬಾರ್ಸೋರಲ್ವೇನೇ?"

"ಕಟ್ಟೋರೂ ಅವರೇ!"

ಆಕೆ ಹಪ್ಪಳದ ಮೊರ ಸೊಂಟಕ್ಕಿಟ್ಟುಕೊಂಡು ಒಳಗೆ ಹೊರಟವರು, ಬಾಗಿಲಲ್ಲಿ ತಿರುಗಿ ಎಂದರು: "ಹಂಗಾದ್ರೆ ಇನ್ನೊಂದ್ಸಲ ಹೇಳೇ, ಮಧ್ಯದ್ದು ನಂಗೆ ಸರಿಯಾಗಿ ಸಿಗ್ಲಿಲ್ಲ."