ವಾರೆ ಇಟ್ಟಂಗಿ

ಹಾನಗಲ್ಲಿನ ನಮ್ಮ ಓಣಿಯಲ್ಲಿ ಎದುರಿಗೆ ಅವನು ನಕ್ಷೆ ಮಹಾಲಿಂಗಪ್ಪ, ಬೆನ್ನ ಹಿಂದೆ ಅನುಮಾನದ ಮಹಾಲಿಂಗಪ್ಪ. ಹಾಲಿನವಳು ಬಂದರೆ ತಂಬಿಗೆಗೆ ಬೆರಳದ್ದಿ ನೋಡುವವ, ಹಾಕಿದ ಬೀಗವನ್ನು ತಿರುಗಿ ಬಂದು ಜಗ್ಗುವವ. ನನಗೆ ದೂರದ ಸಂಬಂಧಿ. ಆದರೂ ಅವನ ಮನೆಯಲ್ಲಿ ಚಹಾ ಕುಡಿಯುವಾಗ ಸಕ್ಕರೆ ಕದ್ದವನ ಹಾಗೆ ಕೂರಬೇಕಾಗುತ್ತಿತ್ತು.

ಈ ಗುಣ ಹುಟ್ಟಿನಿಂದಲೇ ಇತ್ತೋ ಏನೋ, ಗಟ್ಟಿಯಾಗಿದ್ದು ಹುಬ್ಬಳ್ಳಿಯಲ್ಲಿ. ಅಲ್ಲಿ ಇಬ್ಬರು ಇಂಗ್ಲಿಷ್ ಸಾಹೇಬರು ಪಾಲಿನಲ್ಲಿ ಕಟ್ಟಡದ ನಕ್ಷೆ ಬರೆಯುವ ಕಂಪನಿ ನಡೆಸುತ್ತಿದ್ದರು. ಮಹಾಲಿಂಗಪ್ಪ ಅವರ ಕೈಕೆಳಗೆ ಕೆಲಸಕ್ಕಿದ್ದ. ಪ್ರತಿ ನಕ್ಷೆಯ ಮೂಲೆಯಲ್ಲೂ ಇಬ್ಬರ ಸಹಿ ಬೀಳಬೇಕೆಂಬುದು ಅವರ ಕರಾರು. ಒಬ್ಬ ರಜೆಯ ಮೇಲೆ ವಿಲಾಯತಿಗೆ ಹೋದಾಗ ಇನ್ನೊಬ್ಬ ಸದ್ದಿಲ್ಲದೆ ತನ್ನ ಸಹಿಯನ್ನಷ್ಟೇ ಹಾಕತೊಡಗಿದ. ಹೋದವನು ಬರುವಷ್ಟರಲ್ಲಿ ಗಿರಾಕಿಗಳೆಲ್ಲ ಇವನ ಕಡೆ. ೧೯೩೩ರಲ್ಲಿ ಕಂಪನಿ ಮುರಿಯಿತು, ಮಹಾಲಿಂಗಪ್ಪ ಊರಿಗೆ ಬಂದ.

ಇಲ್ಲಿ ಸವಣೂರಿನ ಗೌಂಡಿ ಖಾದರಸಾಬನ ಜೊತೆ ಪಾಲು ಮಾಡಿಕೊಂಡ. ನಕ್ಷೆ ಇವನದು, ಗೋಡೆ ಅವನದು. ಬಸ್ಸು ನಿಲ್ಲುವಲ್ಲಿ ಇಬ್ಬರ ಹೆಸರಿನ ಬೋರ್ಡು ಏರಿತು. ಗೌಂಡಿಯ ಹೆಸರು ಬೋರ್ಡಿಗೆ ಬರುವುದು ಆಗ ಸಣ್ಣ ಮಾತಲ್ಲ. ಖಾದರಸಾಬ ಹೆಂಡತಿ ಮುಮ್ತಾಜಬೇಗಂಳನ್ನು ಸವಣೂರಿನಿಂದ ಕರೆತಂದು ತೋರಿಸಿದ. ಓದಲು ಬಾರದ ಆಕೆ ಸೆರಗಿನಿಂದ ಅದರ ಧೂಳು ಒರೆಸಿ ಹೋದಳು.

ಶಿಗ್ಗಾಂವದಲ್ಲಿ ಕಾಳಿನ ವ್ಯಾಪಾರಿಯ ಮನೆ ಮುಗಿದಾಗ, ಹಿತ್ತಲ ಗೋಡೆಯಲ್ಲಿ ಒಂದು ಇಟ್ಟಂಗಿ ವಾರೆಯಾಗಿದ್ದುದು ಮಹಾಲಿಂಗಪ್ಪನ ಕಣ್ಣಿಗೆ ಬಿತ್ತು. ಖಾದರಸಾಬನ ಕೈ ತಪ್ಪುವುದಿಲ್ಲ, ಬೇಕೆಂದೇ ಇಟ್ಟಿರಬೇಕು. ಅದಕ್ಕೂ ಮೊದಲು ಕಟ್ಟಿದ್ದ ಹಿರೇಕೆರೂರಿನ ಮನೆಯಲ್ಲೂ ಹುಡುಕಿದ, ಅಲ್ಲೂ ಒಂದಿತ್ತು. ಸಾಹೇಬರ ಸಹಿ ಕಂಡಿದ್ದವನಿಗೆ ಇದೂ ಸಹಿಯೇ ಅನ್ನಿಸಿತು: ನಾಳೆ ಗಿರಾಕಿಗಳಿಗೆಲ್ಲ ಇದನ್ನು ತೋರಿಸಿ, ಈ ಮನೆ ನನ್ನದು ಅನ್ನುತ್ತಾನೆ. ಕೇಳಲಿಲ್ಲ, ಕಾದ. ತನ್ನ ಸ್ವಂತ ಮನೆಯನ್ನು ಅವನಿಂದಲೇ ಕಟ್ಟಿಸುವಾಗ ಕುರ್ಚಿ ಹಾಕಿಕೊಂಡು ಗೋಡೆಯೆದುರೇ ಕುಳಿತ.

ಕೊನೆಗೆ ೧೯೩೮ರಲ್ಲಿ, ಇನ್ನೊಂದು ಮನೆಯಲ್ಲಿ ಅಂಥದೇ ಇಟ್ಟಂಗಿ ಕಂಡಾಗ, ಕೆಲಸದವರ ಮುಂದೆಯೇ ಕೇಳಿದ.

"ಏನಿದು, ಖಾದರಸಾಬ?"

"ದೃಷ್ಟಿಗೆ ಇಟ್ಟೇನ್ರಿ. ಹೊಟ್ಟಿಕಿಚ್ಚಿನವರ ಕಣ್ಣು ಅದರ ಮ್ಯಾಲೆ ಬೀಳ್ತೈತಿ, ಮನಿಗೆ ತಾಕೂದಿಲ್ಲ. ನಮ್ಮಪ್ಪನೂ ಹಿಂಗ ಇಡ್ತಿದ್ದ."

"ದೃಷ್ಟಿಗೆ ಬಾಗಲಾಗ ಕುಂಬಳಕಾಯಿ ಕಟ್ಟೇವಲ್ಲ. ಯಾರಿಗೆ ಹೇಳ್ತಿ ಇದನ್ನ?"

ಮರುದಿನ ಮಹಾಲಿಂಗಪ್ಪ ಬೋರ್ಡಿನ ಮೇಲಿನ ಅವನ ಹೆಸರಿಗೆ ಬಣ್ಣ ಬಳಿಸಿದ. ಹುಬ್ಬಳ್ಳಿಯ ಸಾಹೇಬ ಮಾಡಿದ್ದನ್ನೇ ತಾನೂ ಮಾಡಿದೆನೆಂದು ಅವನಿಗೆ ಹೊಳೆಯಲೇ ಇಲ್ಲ. ನೆನೆದರೆ ನನಗೆ ಈಗಲೂ ಸಿಟ್ಟು ಬರುತ್ತದೆ. ಖಾದರಸಾಬ ಬೋರ್ಡಿನ ಮುಂದೆ ಸ್ವಲ್ಪ ಹೊತ್ತು ನಿಂತು, ಕರಣೆಯ ಚೀಲ ಹೆಗಲಿಗೆ ಹಾಕಿಕೊಂಡು ಸವಣೂರಿನ ಬಸ್ಸು ಹತ್ತಿದ. ಆಮೇಲೆ ಬಾವಿ ಕಟ್ಟಿದ, ಕಟ್ಟೆ ಕಟ್ಟಿದ, ಯಾರ ಮನೆಯನ್ನೂ ಕಟ್ಟಲಿಲ್ಲ. ೧೯೪೪ರಲ್ಲಿ ತೀರಿಕೊಂಡ.

ಎರಡು ವರ್ಷದ ಮೇಲೆ ಮಹಾಲಿಂಗಪ್ಪ ಮನೆಗೆ ಸುಣ್ಣ ಬಳಿಸಲು ಅಡುಗೆಮನೆಯ ಕಣಜ ಸರಿಸಿದ. ಅದರ ಹಿಂದಿನ ಗೋಡೆಯಲ್ಲಿ ಒಂದು ಇಟ್ಟಂಗಿ ವಾರೆಯಾಗಿತ್ತು.

"ನೋಡಿದ್ಯಾ, ನಾ ಕಾವಲು ಕುಂತ್ರೂ ಸಹಿ ಮಾಡಿ ಹೋಗ್ಯಾನ," ಎಂದು ಹೆಂಡತಿ ದಾನವ್ವನನ್ನು ಕೂಗಿ, ಉಳಿ ತಂದ.

ದಾನವ್ವ ಅಡ್ಡ ನಿಂತಳು. "ಮುಟ್ಟಬ್ಯಾಡ್ರಿ. ನೀವು ಹೆಂಚು ತರಾಕ ಹೋದಾಗ ನಾನ ಇಡಿಸೇನಿ."

"ಯಾರ ಕಣ್ಣಿಗೆ ಅಂಜಿ?"

"ನಿಮ್ಮ ಕಣ್ಣಿಗೆ."

"ಅವಗ ಹಂಗ ಹೇಳಿದ್ಯಾ?"

"ಹೇಳಿದೆ. ಹಂಗಾದ್ರ ಒಂದು ಸಾಲೂದಿಲ್ಲ ಅಕ್ಕಾ ಅಂತ ಇನ್ನೊಂದೂ ಇಟ್ಟ."

"ಅದೆಲ್ಲೈತಿ?"

ದಾನವ್ವ ಹೇಳಲಿಲ್ಲ. ಅವನು ಉಳಿ ಕೆಳಗಿಟ್ಟ. ಮರುದಿನ ಬಸ್ ನಿಲ್ಲುವಲ್ಲಿನ ಬೋರ್ಡು ಇಳಿಸಿ ತಂದು, ಅಂಗಳದಲ್ಲಿ ಕುಳಿತು ಖಾದರಸಾಬನ ಹೆಸರಿನ ಮೇಲಿನ ಬಣ್ಣ ಕೆರೆದ. ಬಣ್ಣದ ಜೊತೆ ಕೆಳಗಿನ ಹೆಸರೂ ಕಿತ್ತುಹೋಯಿತು. ಎರಡನೆಯ ಇಟ್ಟಂಗಿಯನ್ನು ಮಾತ್ರ ಸಾಯುವ ತನಕ ಹುಡುಕಿದ.